ವಿಳಂಬ ವಿಚಾರ

ದೂರದರ್ಶನದಲ್ಲಿ ಬಿತ್ತರವಾಗುವ ಕಾಲ್ಚೆಂಡಾಟವು, ಪತ್ರಿಕೆಯಲ್ಲಿ ಅಚ್ಚಾದ ಹೊತ್ತಿಗೆ ಏಕೆ ಆರಂಭವಾಗುವುದಿಲ್ಲ, ಆರಂಭವಾದದ್ದು ಏಕೆ ನಡುವೆ ನಿಲ್ಲುತ್ತದೆ, ನಿಂತದ್ದು ಏಕೆ ಬೇಗನೆ ಮುಂದುವರಿಯುವುದಿಲ್ಲ ಎಂಬ ಪ್ರಶ್ನೆಗಳು ರಾಮನಗರದ ನಮ್ಮ ಮನೆಯಲ್ಲಿ ಕೇವಲ ತಾತ್ತ್ವಿಕ ಪ್ರಶ್ನೆಗಳಲ್ಲ. ಸಂಜೆ 7-30ಕ್ಕೆ ಎಂದು ಸಾರಿದ ಆಟದ ಮೊದಲರ್ಧ ಮುಗಿಯುವ ವೇಳೆಯನ್ನು ಲೆಕ್ಕಹಾಕಿಯೇ ನನ್ನ ಗೃಹಿಣಿ ಒಲೆಯ ಮೇಲೆ ಎಸರಿಡುವುದು. ಆಟ ತಡವಾದಷ್ಟೂ ಮುದ್ದೆ ಆರುವುದು. ಆರಿದ ಮುದ್ದೆಯ ಅಪರಾಧವು ಅಂತರರಾಷ್ಟ್ರೀಯ ಫುಟ್‌ಬಾಲ್ ಸಂಸ್ಥೆಯದೋ ನನ್ನದೋ ಎಂಬ ವಿಚಾರಣೆಯಲ್ಲಿ ತೀರ್ಪು ಪ್ರತಿಸಲವೂ ಸಂಸ್ಥೆಯ ಪರವಾಗಿಯೇ ಆಗುವುದು. ಆದಕಾರಣ ಈ ವಿಳಂಬದ ಮೂಲವನ್ನು ಶೋಧಿಸುವ ಹಕ್ಕು ನನಗೆ ಸಾಕಷ್ಟು ಉಂಟೆಂದು ಭಾವಿಸಿದ್ದೇನೆ.

ನಮ್ಮ ಪೂರ್ವಿಕರು ಮನುಷ್ಯನನ್ನು ಬಾಧಿಸುವ ತಾಪಗಳನ್ನು ಆಧಿದೈವಿಕ, ಆಧಿಭೌತಿಕ, ಆಧ್ಯಾತ್ಮಿಕ ಎಂದು ಮೂರಾಗಿ ವಿಂಗಡಿಸಿದರು. ಅವರು ಕಾಲ್ಚೆಂಡಾಟವನ್ನು ಕಂಡವರಲ್ಲದಿದ್ದರೂ ಈ ವಿಂಗಡಣೆಯೊಳಗೆ ಅದರ ತಾಪಗಳು ಬಹುಮಟ್ಟಿಗೆ ಅಚ್ಚುಕಟ್ಟಾಗಿ ಕೂಡುತ್ತವೆ.

ಮೊದಲನೆಯದಾದ ಆಧಿದೈವಿಕದಲ್ಲಿ ಅಗ್ರಸ್ಥಾನ ಮಿಂಚಿನದು. ಅಮೆರಿಕದ ಬಯಲುಗಳಲ್ಲಿ ಹತ್ತಿರದಲ್ಲೆಲ್ಲಾದರೂ ಮಿಂಚಿತೆಂದರೆ ಆಟ ನಿಲ್ಲಿಸಿ ಅರ್ಧ ಗಂಟೆ ಎಣಿಸುವುದು ರೂಢಿ. ಎಣಿಕೆ ಮುಗಿಯುವ ಮುನ್ನ ಮತ್ತೊಮ್ಮೆ ಮಿಂಚಿದರೆ ಎಣಿಕೆ ಪುನಃ ಮೊದಲಿನಿಂದ. 2018ರ ಸೆಪ್ಟೆಂಬರ್ 9ರಂದು ಮಯಾಮಿಯಲ್ಲಿ ಡಾಲ್ಫಿನ್ಸ್ ಮತ್ತು ಟೈಟನ್ಸ್ ತಂಡಗಳು ಆಡಿದ ಅಮೆರಿಕನ್ ಫುಟ್‌ಬಾಲ್ ಪಂದ್ಯವು ಹೀಗೆ ಎರಡು ಬಾರಿ ನಿಂತು, ಆರಂಭದಿಂದ ಅಂತ್ಯಕ್ಕೆ 7 ಗಂಟೆ 8 ನಿಮಿಷ ಹಿಡಿಯಿತು. 2025ರ ಜೂನ್ 28ರಂದು ಷಾರ್ಲಟ್ ನಗರದಲ್ಲಿ ಚೆಲ್ಸಿಯ ತಂಡವು ಬೆನ್ಫಿಕಾದೆದುರು ಗೆಲುವಿನಂಚಿನಲ್ಲಿದ್ದಾಗ, ಉಳಿದ ನಾಲ್ಕೈದು ನಿಮಿಷಗಳನ್ನು ಆಡಿ ಮುಗಿಸಲು ಮೇಘರಾಜನ ಅಪ್ಪಣೆಗಾಗಿ ಹೆಚ್ಚುಕಡಿಮೆ ಎರಡು ಗಂಟೆ ಕಾಯಬೇಕಾಯಿತು. ಮೋಡವೇ ಇಲ್ಲದಿದ್ದರೆ ನಿಶ್ಚಿಂತೆ ಎಂದೂ ತಿಳಿಯಬೇಕಾಗಿಲ್ಲ. 2019ರ ಜನವರಿ 23ರಂದು ನ್ಯೂಜಿಲೆಂಡಿನ ನೇಪಿಯರ್‌ನಲ್ಲಿ ನಮ್ಮ ಕ್ರಿಕೆಟ್ ತಂಡದ ಆಟವು ನಿಂತದ್ದು ಅಸ್ತಮಿಸುತ್ತಿದ್ದ ಸೂರ್ಯನು ದಾಂಡಿಗನ ಕಣ್ಣಿಗೆ ನೇರವಾಗಿ ಹೊಡೆಯುತ್ತಿದ್ದನೆಂಬ ಕಾರಣಕ್ಕೆ. ಮಳೆಯಿಂದ ನಿಂತ ಆಟಗಳು ಅಸಂಖ್ಯಾತ; ಹೆಚ್ಚಾಗಿ ಬೆಳಗಿದನೆಂಬುದಕ್ಕಾಗಿ ಸೂರ್ಯನಾರಾಯಣನು ಆಕ್ಷೇಪಣೆಗೆ ಗುರಿಯಾದದ್ದು ವಿರಳ.

ಮಾಗಡಿಯಲ್ಲಿರುವ ನನ್ನ ದೊಡ್ಡಪ್ಪನವರು ಪಂಚಾಂಗ ನೋಡದೆ ಪ್ರಯಾಣ ಹೊರಡದವರು. ಈ ಸಂಗತಿಗಳನ್ನು ಅವರ ಮುಂದೆ ಹೇಳಿದಾಗ ಅವರು ಕನ್ನಡಕ ಏರಿಸಿ ಹಳೆಯ ಪಂಚಾಂಗವೊಂದನ್ನು ತೆರೆದು, ಮಯಾಮಿಯ ಮಿಂಚೂ ನೇಪಿಯರ್‌ನ ಸೂರ್ಯನೂ ಒಂದೇ ಸಂವತ್ಸರದೊಳಗೆ ಬರುವರೆಂದೂ, 2018ರ ಯುಗಾದಿಯಿಂದ 2019ರ ಯುಗಾದಿಯವರೆಗಿನ ಆ ಸಂವತ್ಸರವು ವಿಳಂಬಿಯೆಂದೂ ಬೆರಳಿಟ್ಟು ತೋರಿಸಿದರು. ನಾನು ಸುಮ್ಮನಿರಲಾರದೆ, ಬೆಂಗಳೂರು ಎಫ್‌ಸಿ ತಂಡವು ಇಂಡಿಯನ್ ಸೂಪರ್ ಲೀಗಿನ ಪ್ರಶಸ್ತಿ ಗೆದ್ದದ್ದೂ ಅದೇ ವಿಳಂಬಿಯ ಕೊನೆಯಲ್ಲಿ, 2019ರ ಮಾರ್ಚ್ 17ರಂದು, 90 ನಿಮಿಷವೂ ಮುಗಿದು ಹೆಚ್ಚುವರಿ ಅವಧಿಯ 117ನೆಯ ನಿಮಿಷದಲ್ಲಿ ರಾಹುಲ್ ಭೆಕೆ ತಲೆಯಿಂದ ಹೊಡೆದ ಗೋಲಿನಿಂದ ಎಂದು ಸೇರಿಸಿದೆ. ದೊಡ್ಡಪ್ಪನವರು ಪಂಚಾಂಗವನ್ನು ಮುಚ್ಚಿ, "ನೋಡಪ್ಪ, ಕಾಯೋದು ಗೊತ್ತಿದ್ದೋನಿಗೆ ಆ ಸಂವತ್ಸರ ಕೆಟ್ಟದ್ದಲ್ಲ" ಎಂದರು.

ಮತ್ತೊಂದು ತಾಪವಾದ ಆಧ್ಯಾತ್ಮಿಕವು ಆಡುವವನ ಅಂತರಂಗದಿಂದಲೇ ಹುಟ್ಟುವಂಥದು. ಇದರ ಉದಾಹರಣೆಗೆ ಸಮುದ್ರ ದಾಟಬೇಕಾಗಿಲ್ಲ, ಬೆಂಗಳೂರಿನ ಕಂಠೀರವ ಕ್ರೀಡಾಂಗಣದವರೆಗೆ ಹೋದರೆ ಸಾಕು. 2023ರ ಮಾರ್ಚ್ 3ರಂದು ಅಲ್ಲಿ ಬೆಂಗಳೂರು ಎಫ್‌ಸಿ ತಂಡಕ್ಕೂ ಕೇರಳ ಬ್ಲಾಸ್ಟರ್ಸ್ ತಂಡಕ್ಕೂ, ಸೋತವರು ಮನೆಗೆ ಎಂಬ ಪಂದ್ಯ. ಕನಕಪುರದ ಅಳಿಯಂದಿರು ಟಿಕೆಟು ಕೊಂಡು ಕ್ರೀಡಾಂಗಣದಲ್ಲಿದ್ದರು. ನಾನು ರಾಮನಗರದಲ್ಲಿ ಕೇಬಲ್ಲಿನೆದುರು. ಚನ್ನಪಟ್ಟಣದ ಭಾವಮೈದುನನು ತಾರಸಿಯ ಮೇಲಿನ ಡಿಷ್ಷಿನ ಕೃಪೆಯಲ್ಲಿ. ಮಾಗಡಿಯ ಸೋದರಳಿಯನು ಅಂಗೈಯಗಲದ ಮೊಬೈಲಿನಲ್ಲಿ. ತೊಂಬತ್ತು ನಿಮಿಷ ಕಳೆದರೂ ಎರಡು ಕಡೆಯೂ ಸೊನ್ನೆ. ಹೆಚ್ಚುವರಿ ಅವಧಿಯ ಆರಂಭದಲ್ಲಿ ಬೆಂಗಳೂರಿಗೊಂದು ಫ್ರೀ ಕಿಕ್ ದೊರೆತು, ಕೇರಳದವರು ಗೋಡೆ ಕಟ್ಟಿ ನಿಲ್ಲುವ ಸಿದ್ಧತೆಯಲ್ಲಿದ್ದಾಗಲೇ ಸುನಿಲ್ ಛೆಟ್ರಿ ಚೆಂಡನ್ನು ಬಲೆಯೊಳಕ್ಕೆ ಕಳುಹಿಸಿಬಿಟ್ಟರು. ರೆಫರಿ ಕ್ರಿಸ್ಟಲ್ ಜಾನ್ ಗೋಲು ಸರಿಯೆಂದರು; ಕೇರಳದ ತರಬೇತುದಾರ ಇವಾನ್ ವುಕೊಮನೊವಿಚ್ ತಮ್ಮ ಹುಡುಗರನ್ನೆಲ್ಲ ಕರೆದುಕೊಂಡು ಮೈದಾನದಿಂದ ಹೊರನಡೆದರು.

ಇಷ್ಟನ್ನು ಈಗ ಕ್ರಮವಾಗಿ ಹೇಳುತ್ತಿದ್ದೇನೆಯೇ ಹೊರತು ಅಂದು ಇದು ನನಗೆ ಕ್ರಮವಾಗಿ ತಿಳಿಯಲಿಲ್ಲ. ನಮ್ಮ ಟೀವಿಯಲ್ಲಿ ಛೆಟ್ರಿ ಇನ್ನೂ ಚೆಂಡಿನ ಬಳಿ ನಿಂತಿದ್ದಾಗಲೇ, ಫೋನಿನಲ್ಲಿದ್ದ ಅಳಿಯಂದಿರು "ಗೋಲ್ ಆಯ್ತು ಮಾವ!" ಎಂದು ಕಿವಿಗೆ ಸಿಡಿಲು ಬಡಿದಂತೆ ಕೂಗಿದರು. ನಾನು ನಮ್ಮ ಪರದೆಯ ಗೋಲನ್ನು ಸವಿಯುವಷ್ಟರಲ್ಲಿ ಅವರು "ಎಲ್ಲಾ ಹೊರಟೇ ಹೋದ್ರಲ್ಲ ಮಾವ" ಎಂದು ಮರುಗುತ್ತಿದ್ದರು. ಆ ಕರೆ ಮುಗಿದೊಡನೆ ಚನ್ನಪಟ್ಟಣದಿಂದ, "ಭಾವ, ನಮ್ಮ ಟೀವಿ ನಿಂತಿದೆಯೋ ಆಟ ನಿಂತಿದೆಯೋ?" ಎಂಬ ಪ್ರಶ್ನೆ. ಸೋದರಳಿಯನಿಗೂ ಸುದ್ದಿ ಮುಟ್ಟಿಸೋಣವೆಂದು ಮಾಗಡಿಗೆ ಕರೆಮಾಡಿದರೆ, "ಮಾವ, ಒಂದು ಮಾತೂ ಆಡಬೇಡಿ, ನನ್ನ ಮೊಬೈಲು ಸುತ್ತುತ್ತಾ ಕೂತಿದೆ, ಇಲ್ಲಿನ್ನೂ ಫ್ರೀ ಕಿಕ್ ಹೊಡೆದಿಲ್ಲ" ಎಂಬ ದೈನ್ಯದ ಬಿನ್ನಹ. ಸುಮಾರು ಇಪ್ಪತ್ತು ನಿಮಿಷ ಕಾದ ಮೇಲೆ, ಹೋದವರು ಬಾರರೆಂಬುದು ಖಚಿತವಾಗಿ, ಪಂದ್ಯವು ಬೆಂಗಳೂರಿಗೆ ಸಂದಿತು. ಕೋಪದ ಬಾಬ್ತು ಕೇರಳದವರಿಗೆ ತಿಂಗಳೊಳಗೆ ನಾಲ್ಕು ಕೋಟಿ ರೂಪಾಯಿ ದಂಡವೂ ಬಿದ್ದಿತು.

ಒಂದೇ ಗೋಲು ಒಂದೇ ಜಿಲ್ಲೆಯ ಬಂಧುಗಳಿಗೆ ಬೇರೆಬೇರೆ ಘಳಿಗೆಯಲ್ಲಿ ಸಂಭವಿಸುವ ಈ ವಿಚಿತ್ರಕ್ಕೆ ತಾಪತ್ರಯದಲ್ಲಿ ಹೆಸರಿಲ್ಲವಾಗಿ, ಪೂರ್ವಿಕರ ಕ್ಷಮೆ ಕೋರಿ ಇದನ್ನು ಆಧಿಯಾಂತ್ರಿಕವೆಂದು ಕರೆಯುತ್ತೇನೆ. ಕ್ಯಾಮೆರಾ ಕಂಡದ್ದು ಸುಮಾರು 36,000 ಕಿಲೋಮೀಟರ್ ಎತ್ತರದ ಉಪಗ್ರಹಕ್ಕೆ ಏರಿ ಇಳಿಯಲು ಕಾಲು ಸೆಕೆಂಡು ಸಾಕು; ಬೆಳಕು ತನ್ನ ಕರ್ತವ್ಯದಲ್ಲಿ ಎಂದೂ ಆಲಸ್ಯ ತೋರಿದ್ದಲ್ಲ. ತಡವೆಲ್ಲ ನೆಲದ ಮೇಲಿನದು. ಚಿತ್ರವನ್ನು ಅಂಕಿಗಳಾಗಿ ಅದುಮಿ ಕಟ್ಟುವುದಕ್ಕೆ, ಕಟ್ಟಿದ್ದನ್ನು ಮತ್ತೆ ಬಿಚ್ಚುವುದಕ್ಕೆ ಕೆಲವು ಸೆಕೆಂಡು; ಮೊಬೈಲಿಗಾದರೆ ಅದನ್ನು ಕೆಲವು ಸೆಕೆಂಡುಗಳ ತುಣುಕುಗಳಾಗಿ ಕತ್ತರಿಸಿ, ದಾರಿಯಲ್ಲಿ ಜಾಲ ಕೈಕೊಟ್ಟೀತೆಂಬ ದೂರಾಲೋಚನೆಯಿಂದ ಮೂರು ನಾಲ್ಕು ತುಣುಕುಗಳನ್ನು ಮುಂಗಡವಾಗಿ ಶೇಖರಿಸಿಕೊಂಡ ಮೇಲೆಯೇ ತೋರಿಸುವುದು. ನೇರ ಪ್ರಸಾರವೆಂದು ಪರದೆಯ ಮೂಲೆಯಲ್ಲಿ ಕೆಂಪಕ್ಷರದಲ್ಲಿ ಬರೆದುಕೊಂಡು ಬರುವುದೆಲ್ಲವೂ, ವಾಸ್ತವದಲ್ಲಿ, ಆಗಲೇ ಆಗಿಹೋದುದರ ಚರಿತ್ರೆ.

ಇನ್ನುಳಿದ ಆಧಿಭೌತಿಕವೆಂಬುದು ಅನ್ಯಪ್ರಾಣಿಗಳಿಂದ ಬರುವ ತಾಪ. ಟೆಲಿವಿಷನ್ನಿನ ಮಟ್ಟಿಗೆ ಆ ಪ್ರಾಣಿಯ ಹೆಸರು ಜಾಹೀರಾತುದಾರ. ಅಮೆರಿಕನ್ ಫುಟ್‌ಬಾಲಿನ ಗಡಿಯಾರದಲ್ಲಿ ಆಟದ ಅವಧಿ 60 ನಿಮಿಷ. ಟೀವಿಯಲ್ಲಿ ಅದು ಹಿಡಿಯುವುದು ಮೂರು ಗಂಟೆಗೂ ಮಿಗಿಲು. ಅದರೊಳಗೆ ಚೆಂಡು ನಿಜವಾಗಿ ಆಟದಲ್ಲಿರುವುದು ಸುಮಾರು 11 ನಿಮಿಷ ಮಾತ್ರವೆಂದು 2010ರಲ್ಲಿ ವಾಲ್ ಸ್ಟ್ರೀಟ್ ಜರ್ನಲ್ ಪತ್ರಿಕೆಯವರು ಲೆಕ್ಕಹಾಕಿದರು. ಜಾಹೀರಾತು ಮುಗಿಯುವವರೆಗೆ ಆಜಾನುಬಾಹುಗಳಾದ ಆ ವೀರರೆಲ್ಲ ಸೊಂಟದ ಮೇಲೆ ಕೈಯಿಟ್ಟು ನಿಂತಿರುತ್ತಾರೆ. ಅಲ್ಲಿಯೇ, 1968ರ ನವೆಂಬರ್ 17ರಂದು, ಓಕ್ಲೆಂಡ್ ಮತ್ತು ಜೆಟ್ಸ್ ತಂಡಗಳ ಆಟ ತಡವಾಗಿ ಎಳೆಯುತ್ತಿದ್ದಾಗ ಎನ್‌ಬಿಸಿ ಸಂಸ್ಥೆಯವರು ಇನ್ನು ಒಂದು ನಿಮಿಷ ಮಾತ್ರ ಉಳಿದಿರಲಾಗಿ ಅದನ್ನು ಕಡಿದು, ಸಂಜೆ ಏಳಕ್ಕೆ ಸಾರಿದ್ದ 'ಹೈಡಿ' ಎಂಬ ಮಕ್ಕಳ ಚಿತ್ರವನ್ನು ಕರಾರುವಾಕ್ಕಾಗಿ ಆರಂಭಿಸಿದರು. ಆ ಒಂದು ನಿಮಿಷದೊಳಗೆ ಸೋಲುತ್ತಿದ್ದ ಓಕ್ಲೆಂಡಿನವರು ಎರಡು ಬಾರಿ ಗಡಿ ಮುಟ್ಟಿ ಗೆದ್ದರು; ಜೆಟ್ಸ್ ತಂಡವೇ ಗೆದ್ದಿತೆಂದು ನಂಬಿ ಕುಳಿತವರ ಮುಂದೆ ಸ್ವಿಟ್ಜರ್ಲೆಂಡಿನ ಪುಟ್ಟ ಬಾಲೆಯೊಬ್ಬಳು ಬೆಟ್ಟ ಹತ್ತುತ್ತಿದ್ದಳು. ಅಂದಿನಿಂದ, ಆಟ ಎಷ್ಟು ತಡವಾದರೂ ಮುಗಿಯುವವರೆಗೆ ತೋರಿಸುವುದೇ ಕ್ಷೇಮವೆಂಬ ಜ್ಞಾನೋದಯವು ಅಲ್ಲಿಯವರಿಗಾಯಿತು. ವೇಳೆಗೆ ಸರಿಯಾಗಿ ನಡೆದುಕೊಂಡು ಇಷ್ಟು ಬೈಗುಳ ತಿಂದವರು ಚರಿತ್ರೆಯಲ್ಲಿ ಮತ್ತೊಬ್ಬರಿರಲಾರರು.

ನಮ್ಮ ಕಾಲ್ಚೆಂಡಾಟವು 45 ನಿಮಿಷಗಳ ಅಖಂಡತೆಯಿಂದಾಗಿ ಈ ಬಾಧೆಗೆ ಬಹುಕಾಲ ಸಿಕ್ಕದೆ ಉಳಿದಿತ್ತು. ಆದರೆ 2026ರ ವಿಶ್ವಕಪ್ಪಿನಲ್ಲಿ, ಹವೆ ಬಿಸಿಯಿರಲಿ ತಣ್ಣಗಿರಲಿ, ಪ್ರತಿಯೊಂದು ಅರ್ಧದಲ್ಲಿಯೂ ನೀರು ಕುಡಿಯಲು ಮೂರು ನಿಮಿಷದ ವಿರಾಮ ಕಡ್ಡಾಯವೆಂದು ಫಿಫಾ ಸಾರಿತು. ಬಾಯಾರಿಕೆ ಆಟಗಾರನದೋ ಬೇರೆಯವರದೋ ಎಂಬುದನ್ನು ವಿವೇಕಿಗಳು ಊಹಿಸಿಕೊಳ್ಳಬಹುದು. ಇವೆಲ್ಲಕ್ಕೂ ಕಿರೀಟಪ್ರಾಯವಾದದ್ದು ಕಾಗದದ ವಿಳಂಬ. ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ನಿಗೂ ಲೀಗ್ ನಡೆಸುವ ಕಂಪನಿಗೂ ನಡುವಿನ ಕರಾರು 2025ರ ಡಿಸೆಂಬರಿಗೆ ಮುಗಿಯುವುದೆಂಬ ಕಾರಣದಿಂದ, ಆ ವರ್ಷ ಸೆಪ್ಟೆಂಬರಿನ ಹೊತ್ತಿಗೆ ತೊಡಗಬೇಕಾಗಿದ್ದ ಇಂಡಿಯನ್ ಸೂಪರ್ ಲೀಗು ವರ್ಷ ಮುಗಿದರೂ ತೊಡಗಲಿಲ್ಲ. ಮಳೆಯಿಲ್ಲ, ಮಿಂಚಿಲ್ಲ, ಕೋಪಿಸಿಕೊಂಡು ಹೋಗಲು ಮೈದಾನದಲ್ಲಿ ಆಟಗಾರರೇ ಇಲ್ಲ.

ಇಷ್ಟೆಲ್ಲ ಹೇಳಿದರೂ, ತಡವಾಯಿತೆಂಬುದು ನನ್ನ ದೂರಲ್ಲ. ಹೊತ್ತಿನ ಬೆಲೆ ನಮ್ಮ ಸೀಮೆಯವರಿಗೆ ಗೊತ್ತು. ಗೊತ್ತಿಲ್ಲವೆಂಬುವರು ರಾಮನಗರದ ರೇಷ್ಮೆಗೂಡಿನ ಮಾರುಕಟ್ಟೆಗೆ ಬಂದು ನೋಡಲಿ. ಹಣ್ಣಾದ ಹುಳು ಚಂದ್ರಿಕೆಗೇರಿ ಗೂಡು ಕಟ್ಟಿದ ಮೇಲೆ, ಕೆಲವೇ ದಿನಗಳಲ್ಲಿ ಅದನ್ನು ಬಿಡಿಸಿ ತಂದು ಹರಾಜಿನಲ್ಲಿ ಒಪ್ಪಿಸದಿದ್ದರೆ, ಒಳಗಿನದು ಚಿಟ್ಟೆಯಾಗಿ ಗೂಡು ಕೊರೆದು ಹೊರಬಂದು, ಬೆಳೆಗಾರನ ದುಡಿಮೆಯೆಲ್ಲ ಕಣ್ಣೆದುರೇ ರೆಕ್ಕೆ ಬಡಿದು ಹೋಗುವುದು. ಹಗಲೆಲ್ಲ ಹೀಗೆ ಗಳಿಗೆಗೆ ಗಳಿಗೆ ಎಣಿಸಿದ ಅದೇ ಬೆಳೆಗಾರನು, ರಾತ್ರಿ ಊರ ಹಬ್ಬದಲ್ಲಿ ಕುರುಕ್ಷೇತ್ರ ನಾಟಕ ನೋಡಲು ಚಾಪೆ ಕಂಬಳಿಗಳೊಡನೆ ಬಂದು ಕುಳಿತು, ಎಂಟೂವರೆಗೆ ಸರಿಯಾಗಿ ಎಂದು ಕರಪತ್ರದಲ್ಲಿ ಅಚ್ಚಾದ ನಾಟಕವು ಹನ್ನೊಂದಕ್ಕೆ ಮೊದಲಾದರೂ ಬೇಸರಿಸುವುದಿಲ್ಲ. ನಡುನಡುವೆ ಹಾಡು ನಿಲ್ಲಿಸಿ, ಇಂಥವರು ದುರ್ಯೋಧನನ ಪಾತ್ರ ಮೆಚ್ಚಿ ನೂರೊಂದು ರೂಪಾಯಿ ಕೊಟ್ಟರೆಂದು ಓದುವುದು ಅಮೆರಿಕದ ಜಾಹೀರಾತಿನ ವಿರಾಮಕ್ಕಿಂತ ಏನೂ ಕಡಿಮೆಯದಲ್ಲ. ಅದಕ್ಕೂ ಆತನು ಮುನಿಯುವುದಿಲ್ಲ.

ಏಕೆಂದರೆ ಅಲ್ಲಿ ಮೈಕಿನ ಮುಂದೆ ಒಬ್ಬನಿರುತ್ತಾನೆ. ಆತನು ಯಾವುದನ್ನೂ ಮುಚ್ಚಿಡುವವನಲ್ಲ. "ಶಕುನಿ ಪಾತ್ರಧಾರಿಗಳು ಈಗತಾನೆ ಬಸ್ಸು ಇಳಿದಿದ್ದಾರೆ, ಬಣ್ಣ ಹಚ್ಚೋದೊಂದೇ ಬಾಕಿ." "ಎರಡನೇ ಕೃಷ್ಣನ ಕಿರೀಟ ಕಾಣುತ್ತಿಲ್ಲ, ಯಾರಾದರೂ ಮಕ್ಕಳು ತೆಗೆದುಕೊಂಡಿದ್ದರೆ ದಯವಿಟ್ಟು ತಲುಪಿಸಬೇಕು." "ಉದ್ಘಾಟಕರು ಕನಕಪುರ ಬಿಟ್ಟಿದ್ದಾರಂತೆ, ಬಿಟ್ಟಿಲ್ಲ ಅಂತಲೂ ಹೇಳುತ್ತಿದ್ದಾರೆ." ಕಾರಣ ತಿಳಿದ ಪ್ರೇಕ್ಷಕನು ಎಲೆ ಅಡಿಕೆ ಹಾಕಿಕೊಂಡು ನೆಮ್ಮದಿಯಿಂದ ಕಾಯುತ್ತಾನೆ, ಕಿರೀಟ ಸಿಕ್ಕಾಗ ಸಂತೋಷಪಡುವವರಲ್ಲಿ ಆತನೂ ಒಬ್ಬ.

ಟೆಲಿವಿಷನ್ನಿನಲ್ಲಿ ಕೊರತೆಯಾಗಿರುವುದು ಇದೊಂದೇ. ಹಿಂದೆ ದೂರದರ್ಶನದವರು ಚಿತ್ರ ನಿಂತಾಗಲೆಲ್ಲ 'ರುಕಾವಟ್ ಕೇ ಲಿಯೇ ಖೇದ್ ಹೈ' ಎಂಬ ಫಲಕವನ್ನು ತೋರಿಸುತ್ತಿದ್ದರು, ಖೇದವಿತ್ತು, ಕಾರಣವಿರಲಿಲ್ಲ. ಇಂದಿನವರು ಒಂದು ಹೆಜ್ಜೆ ಮುಂದೆ ಹೋಗಿದ್ದಾರೆ. 2022ರ ಮೇ 28ರಂದು ಪ್ಯಾರಿಸ್ಸಿನ ಬಳಿ ಲಿವರ್‌ಪೂಲ್ ಮತ್ತು ರಿಯಲ್ ಮ್ಯಾಡ್ರಿಡ್ ತಂಡಗಳ ಚಾಂಪಿಯನ್ಸ್ ಲೀಗ್ ಫೈನಲ್ 36 ನಿಮಿಷ ತಡವಾದಾಗ, ಅಭಿಮಾನಿಗಳು ತಡವಾಗಿ ಬಂದುದೇ ಕಾರಣವೆಂದು ಸಂಘಟಕರಾದ ಯೂಫಾದವರು ಜಗತ್ತಿಗೆ ಸಾರಿದರು. ಬೇಗನೆ ಬಂದು ಬಾಗಿಲ ಹೊರಗೆ ನೂಕುನುಗ್ಗಲಿನಲ್ಲಿ, ಅಶ್ರುವಾಯುವಿನಲ್ಲಿ ಸಿಲುಕಿದ್ದ ಅಭಿಮಾನಿಗಳಿಗೆ ಅದು ಹೇಗೆ ಕೇಳಿಸಿರಬೇಕು! ಮರುವರ್ಷ, ಯೂಫಾ ತಾನೇ ನೇಮಿಸಿದ ಸ್ವತಂತ್ರ ಸಮಿತಿಯು ಪ್ರಧಾನ ಹೊಣೆ ಯೂಫಾದ್ದೇ ಎಂದು ಬರೆಯಿತು. ಆಟ ತಡವಾದದ್ದು 36 ನಿಮಿಷ. ಸತ್ಯ ತಡವಾದದ್ದು ತಿಂಗಳುಗಟ್ಟಲೆ.

ಆದುದರಿಂದ ಫಿಫಾ, ಯೂಫಾ ಹಾಗೂ ನಮ್ಮ ದೇಶದ ಫೆಡರೇಷನ್ನಿನ ಸನ್ನಿಧಾನದಲ್ಲಿ ನನ್ನದೊಂದು ಅರಿಕೆ: ತಾವು ಇನ್ನಷ್ಟು ಕ್ಯಾಮೆರಾಗಳನ್ನೂ ಉಪಗ್ರಹಗಳನ್ನೂ ಕೊಳ್ಳುವ ಬದಲು, ಚನ್ನಪಟ್ಟಣ ತಾಲ್ಲೂಕಿನಿಂದ ಅನುಭವಸ್ಥನಾದ ಒಬ್ಬ ಮೈಕಿನವನನ್ನು ಕರೆಸಿಕೊಳ್ಳಬೇಕು. "ಪ್ರೇಕ್ಷಕ ಮಹಾಶಯರೇ, ಆಟಗಾರರಿಗೆ ನೀರಡಿಕೆಯಿಲ್ಲ, ಸೋಪಿನ ಕಂಪನಿಯವರಿಗೆ ಮೂರು ನಿಮಿಷ ಬೇಕಾಗಿದೆ, ಸಹಕರಿಸಬೇಕು" ಎಂದು ಆತನು ಹೇಳಿದ ಕ್ಷಣವೇ ಕೋಟ್ಯಂತರ ಮನೆಗಳ ಉದ್ವೇಗ ಶಮನವಾಗಿ, ಮುದ್ದೆಯನ್ನು ಯಾವಾಗ ತಿರುವಬೇಕೆಂಬುದೂ ಗೃಹಿಣಿಯರಿಗೆ ಸ್ಪಷ್ಟವಾಗುವುದು. ಸಂಭಾವನೆಯ ವಿಷಯದಲ್ಲಿ ಆತನು ಜಗಳಗಂಟನಲ್ಲ. ಹೋಗಿಬರುವ ಖರ್ಚು, ಊಟ, ಕೊನೆಯಲ್ಲಿ ಒಂದು ಶಾಲು ಸಾಕು. ಹೇಳಿದ ಹೊತ್ತಿಗೆ ಬಂದು ಮುಟ್ಟುವನೆಂಬ ಭರವಸೆಯನ್ನು ಮಾತ್ರ ನಾನು ಕೊಡಲಾರೆ. ಬಂದೊಡನೆ, ಏಕೆ ತಡವಾಯಿತೆಂಬುದನ್ನು ಯಾರೂ ಕೇಳುವ ಮುನ್ನವೇ ಮೈಕಿನಲ್ಲಿ ತಿಳಿಸುವನು.