ಒಂದ್ ಸಹಿ ಅಷ್ಟೇರಿ

ಸಾಲ ಕೇಳಲು ಬಂದವನು ಬಾಗಿಲಲ್ಲೇ ತಡವರಿಸುತ್ತಾನೆ. ಜಾಮೀನು ಕೇಳಲು ಬಂದವನು ಹಾಗಲ್ಲ. ನೇರ ಒಳಗೆ ಬಂದು, ಚಹಾ ಕುಡಿದು, ಮಗಳ ಮದುವೆ ಎಲ್ಲಿಗೆ ಬಂತೆಂದು ವಿಚಾರಿಸಿ, ಏಳುವ ಹೊತ್ತಿಗೆ ‘ಒಂದ್ ಸಹಿ ಅಷ್ಟೇರಿ’ ಅನ್ನುತ್ತಾನೆ. ದುಡ್ಡಾದರೆ ಇಲ್ಲ ಎನ್ನಬಹುದು. ಸಹಿ ಇಲ್ಲ ಎನ್ನುವುದು ಹೇಗೆ? ಪೆನ್ನೂ ಅವನೇ ತಂದಿರುತ್ತಾನೆ.

ಸಂಡೂರಿನಲ್ಲಿ ಈ ಸಹಿಗೆ ಒಂದು ಕಾಲಕ್ಕೆ ಭಾರಿ ಗಿರಾಕಿ. 2008ರ ಬೀಜಿಂಗ್ ಒಲಿಂಪಿಕ್ಸ್‌ಗೆ ಮುಂಚಿನ ವರ್ಷಗಳಲ್ಲಿ ನಮ್ಮ ಗುಡ್ಡದ ಅದಿರನ್ನು ಚೀನಾ ಎಷ್ಟು ಕಳಿಸಿದರೂ ಕೊಳ್ಳುತ್ತಿತ್ತು. ಹೊಲ ಇದ್ದವರು ಹೊಲ ಅಡವಿಟ್ಟು, ಇಲ್ಲದವರು ಜಾಮೀನು ಹುಡುಕಿ ಲಾರಿ ತಂದರು. ಹೊಸಪೇಟೆ ರಸ್ತೆಯ ಬೇವಿನ ಎಲೆಯೂ ಕೆಂಪಾಗಿತ್ತು. ಫೈನಾನ್ಸಿನವರಿಗೆ ಬೇಕಾದವನು ತಿಂಗಳ ಸಂಬಳದ ಚೀಟಿ ಇರುವವನು: ದೋಣಿಮಲೈ ಎನ್‌ಎಂಡಿಸಿ ನೌಕರ, ಕೆಇಬಿ ಲೈನ್‌ಮನ್, ಶಾಲೆ ಮೇಷ್ಟ್ರು. ಹೀಗೆ ಲಾರಿ ಕೊಳ್ಳುವ ಧೈರ್ಯ ಇಲ್ಲದವರೆಲ್ಲ ಕೊಳ್ಳುವವರ ಬೆನ್ನಿಗೆ ನಿಂತರು.

ನನ್ನ ಸೋದರಮಾವ ಮೇಷ್ಟ್ರು. ಪಕ್ಕದ ಮನೆ ಹುಡುಗನಿಗೆ ಸಹಿ ಹಾಕಿದರು. ಲಾರಿ ಪೂಜೆಯ ದಿನ ಕುಂಬಳಕಾಯಿ ಒಡೆದು, ಪ್ರಸಾದದ ಮೊದಲ ಪೊಟ್ಟಣ ಅವರ ಕೈಗೇ ಕೊಟ್ಟ. ಲಾರಿಯ ಹಣೆಗೆ ‘ಶ್ರೀ ಕುಮಾರಸ್ವಾಮಿ ಕೃಪೆ’ ಎಂದು ಬರೆಸಿದ್ದ. ‘ಮೇಷ್ಟ್ರ ಕೃಪೆ’ಗೆ ಜಾಗ ಸಾಲಲಿಲ್ಲ ಎಂದು ಅತ್ತೆ ಇವತ್ತಿಗೂ ಅನ್ನುತ್ತಾರೆ.

2011ರ ಜುಲೈ 27ಕ್ಕೆ ಲೋಕಾಯುಕ್ತ ಸಂತೋಷ್ ಹೆಗ್ಡೆಯವರ ವರದಿ ಬಂತು. 29ಕ್ಕೆ ಸುಪ್ರೀಂ ಕೋರ್ಟು ಬಳ್ಳಾರಿ ಜಿಲ್ಲೆಯ ಗಣಿಗಾರಿಕೆ ನಿಲ್ಲಿಸಿತು. ಗುಡ್ಡಕ್ಕೆ ಅದು ಬೇಕೇ ಆಗಿತ್ತು, ಅದರಲ್ಲಿ ಎರಡು ಮಾತಿಲ್ಲ. ಆದರೆ ಗಣಿ ನಿಂತರೂ ಕಂತು ನಿಲ್ಲಲಿಲ್ಲ. ಲಾರಿ ನಿಂತಲ್ಲೇ ನಿಂತು, ಟೈರಿನ ಸುತ್ತ ಜಾಲಿ ಎದ್ದಿತು. ಮಾವನ ಮನೆಗೆ ರಿಜಿಸ್ಟರ್ಡ್ ಪೋಸ್ಟಿನಲ್ಲಿ ನೋಟೀಸು ಬಂತು.

‘ಲಾರಿ ಅವನ್ದು. ಮೊದ್ಲು ಅವನ್ನ ಕೇಳ್ರಿ’ ಎಂದರು ಮಾವ. ಊರ ಕಟ್ಟೆಯ ಮೇಲಾದರೆ ಎಲ್ಲರೂ ಹೌದೆನ್ನುವ ಮಾತು. ಆದರೆ 1872ರ ಕರಾರು ಕಾಯ್ದೆಯ 128ನೇ ಕಲಮಿನ ಪ್ರಕಾರ, ಪತ್ರದಲ್ಲಿ ಬೇರೆ ಹೇಳಿರದಿದ್ದರೆ, ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನದೂ ಅಷ್ಟೇ. ಮೊದಲು ಸಾಲಗಾರನಿಂದ ವಸೂಲಿಗೆ ನೋಡಿ, ಆಮೇಲೆ ಜಾಮೀನುದಾರನ ಬಳಿ ಹೋಗಿ ಎಂದು ಕೆಳಗಿನ ಕೋರ್ಟು ಹಾಕಿದ್ದ ಷರತ್ತನ್ನು, ಬ್ಯಾಂಕ್ ಆಫ್ ಬಿಹಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1968ರಲ್ಲೇ ಕಿತ್ತುಹಾಕಿದೆ. ಸಾಲ ಕೊಟ್ಟವನು ಸಾಲಗಾರನ ಮೇಲೆ ದಾವೆ ಹೂಡದೆ ಸುಮ್ಮನೆ ಕೂತರೂ ಜಾಮೀನುದಾರನಿಗೆ ಬಿಡುಗಡೆಯಿಲ್ಲ. ತನ್ನನ್ನು ಕೇಳದೆ ಷರತ್ತು ಬದಲಿಸಿದರೆ 133ನೇ ಕಲಂ ಕೈಹಿಡಿಯುತ್ತದೆ. ಆ ಆಸೆಗೂ ಅಚ್ಚಾದ ಫಾರಮ್ಮಿನ ಸಣ್ಣಕ್ಷರದಲ್ಲಿ ಸಾಮಾನ್ಯವಾಗಿ ಮೊದಲೇ ಎಳ್ಳುನೀರು ಬಿಟ್ಟಿರುತ್ತಾರೆ.

ಹಂಪಿಯ ಹರಿಹರನ ಸೋದರಳಿಯ ರಾಘವಾಂಕನ ಹರಿಶ್ಚಂದ್ರನೇ ವಾಸಿ. ನಕ್ಷತ್ರಿಕ ಬೆನ್ನು ಹತ್ತಿದಾಗ ಹೆಂಡತಿ, ಮಗ, ಕೊನೆಗೆ ತನ್ನನ್ನೂ ಮಾರಿಕೊಂಡು ತೀರಿಸಿದ. ವಿಶ್ವಾಮಿತ್ರನಿಗೆ ಜಾಮೀನು ಕೇಳಬೇಕೆಂದು ಹೊಳೆಯಲಿಲ್ಲ. ಹೊಳೆದಿದ್ದರೆ ಅಯೋಧ್ಯೆಯ ಯಾವನೋ ಮೇಷ್ಟ್ರು ಕಾಶಿಯಲ್ಲಿ ಸುಡುಗಾಡು ಕಾಯುತ್ತಿದ್ದ.

ಡಿಕ್ರಿಯಾಗಿ ಮಾವನ ಸಂಬಳ ಜಪ್ತಿಯಾಯಿತು. ಅದಕ್ಕೂ ಲೆಕ್ಕವಿದೆ: ಮೊದಲ 1000 ರೂಪಾಯಿ ಮುಟ್ಟುವಂತಿಲ್ಲ, ಮಿಕ್ಕಿದ್ದರಲ್ಲಿ ಮೂರನೇ ಒಂದು ಪಾಲಷ್ಟೇ ಹಿಡಿಯಬಹುದು, ಒಂದು ಡಿಕ್ರಿಗೆ ಒಟ್ಟು 24 ತಿಂಗಳು ಮಾತ್ರ. ಸರ್ಕಾರಿ ಪಿಂಚಣಿಗೆ ಕೈ ಹಾಕುವಂತಿಲ್ಲ. ರಿಟೈರ್ ಆಗುವ ದಿನಕ್ಕೆ ಮಾವನಷ್ಟು ಕಾದ ಮೇಷ್ಟ್ರನ್ನು ನಾನು ಕಂಡಿಲ್ಲ. ಬಾಕಿಯನ್ನು ಅತ್ತೆಯ ಅವಲಕ್ಕಿ ಸರ ತೀರಿಸಿತು.

ಸಾಲ ತೀರಿಸಿದ ಜಾಮೀನುದಾರನಿಗೆ ಸಾಲ ಕೊಟ್ಟವನ ಹಕ್ಕೆಲ್ಲ ಬರುತ್ತದೆ, ಅಡವಿನ ವಸ್ತುವಿನ ಮೇಲಿನದೂ. ‘ಲಾರಿ ಮೇಲೆ ಈಗ ನಿಮಗೇ ಹಕ್ಕು, ಸಾರ್’ ಎಂದು ವಕೀಲರು ಶುಭ ಸಮಾಚಾರ ಹೇಳಿದರು. ಮಾವ ಹೋಗಿ ನೋಡಿ ಬಂದರು. ಬ್ಯಾಟರಿ ಇರಲಿಲ್ಲ, ಟೈರು ಇರಲಿಲ್ಲ. ಕುಮಾರಸ್ವಾಮಿ ಮಾತ್ರ ಅಳಿಯದೆ ಇದ್ದ.

ಹುಡುಗ ಈಗ ಕಂಪ್ಲಿಯಲ್ಲಿ ಬೇರೆಯವರ ಟೆಂಪೊ ಓಡಿಸುತ್ತಾನೆ. ಸುಗ್ಗಿಯಲ್ಲಿ ಒಂದು ಚೀಲ ಸೋನಾ ಮಸೂರಿ ತಂದು ಪಡಸಾಲೆಯಲ್ಲಿ ಇಳಿಸಿ, ‘ಬರ್ತೀನ್ರೀ ಮೇಷ್ಟ್ರೆ’ ಎಂದು ಚಹಾಕ್ಕೂ ಕೂರದೆ ಹೋಗುತ್ತಾನೆ. ಅತ್ತೆ ಅದನ್ನು ಆವತ್ತಿನ ಮಾರ್ಕೆಟ್ ದರದಲ್ಲಿ ಕ್ಯಾಲೆಂಡರಿನ ಹಿಂದೆ ಬರೆದು ಬಾಕಿಯಲ್ಲಿ ಕಳೆಯುತ್ತಾರೆ. ಬಡ್ಡಿ ಹಾಕಿಲ್ಲ ಎನ್ನುತ್ತಾರೆ ಮಾವ. ಹಾಕಿದ್ದಾರೆ, ನಾನು ನೋಡಿದ್ದೇನೆ.