ಚಕ್ಕುಲಿ-ಸಂಖ್ಯಾ-ನಿರ್ಣಯ

ಗೋಕುಲಾಷ್ಟಮಿಯ ಮರುದಿನ ಅಟ್ಟದ ಮೇಲಣ ಡಬ್ಬದಲ್ಲಿ ಎಷ್ಟು ಚಕ್ಕುಲಿಗಳಿದ್ದುವೆಂಬ ಗಹನ ಪ್ರಶ್ನೆಯನ್ನು ಪೂರ್ವಾಚಾರ್ಯರಾರೂ ಎತ್ತಿಕೊಳ್ಳದೆ ಹೋದುದು ಶೋಚನೀಯವಾದರೂ, ಅದನ್ನು ಬಿಡಿಸುವ ಸಾಧನವನ್ನು ಮಾತ್ರ ಅವರು ಉದಾರವಾಗಿಯೇ ಬಿಟ್ಟುಹೋಗಿದ್ದಾರೆ. ಒಂಬತ್ತನೆಯ ಶತಮಾನದಲ್ಲಿ, ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಮಹಾವೀರಾಚಾರ್ಯನು ‘ಗಣಿತಸಾರಸಂಗ್ರಹ’ದಲ್ಲಿ ‘ನಿರುದ್ಧ’ವೆಂದು ಕರೆದುದನ್ನೇ ಇಂದಿನ ಶಾಲಾಬಾಲಕರು ಬೆವರುತ್ತ ಲ.ಸಾ.ಅ. ಎನ್ನುವರು. ನಿರುದ್ಧವೆಂದರೆ ತಡೆಹಿಡಿಯಲ್ಪಟ್ಟದ್ದು, ಅಟ್ಟದ ಡಬ್ಬಕ್ಕೆ ಇದಕ್ಕಿಂತ ಒಪ್ಪುವ ಹೆಸರನ್ನು ನಾನು ಕಾಣೆ.

ಇಲ್ಲಿ ನಮ್ಮಜ್ಜಿಯ ಆಚಾರವೊಂದೇ ಪ್ರಮಾಣ. ಸಂಖ್ಯೆಯನ್ನು ಬಾಯಿಬಿಟ್ಟು ಹೇಳಿದರೆ ದೃಷ್ಟಿಯಾದೀತೆಂದು ಅಂಜುತ್ತಿದ್ದ ಆಕೆ, ಹಾಸಿದ ಪಂಚೆಯ ಮೇಲೆ ಚಕ್ಕುಲಿಗಳನ್ನು ಎರಡೆರಡಾಗಿ, ಮೂರುಮೂರಾಗಿ, ನಾಲ್ಕುನಾಲ್ಕಾಗಿ, ಐದೈದಾಗಿ, ಆರಾರಾಗಿ ಜೋಡಿಸಿ, ಪ್ರತಿ ಸಲವೂ ಒಂದು ಉಳಿಯುವುದನ್ನೂ, ಕಡೆಗೆ ಏಳೇಳಾಗಿ ಜೋಡಿಸಿದಾಗ ಏನೂ ಉಳಿಯದುದನ್ನೂ ಕಂಡು, “ಸರಿಹೋಯ್ತು” ಎಂದು ಮುಚ್ಚಳ ಬಿಗಿಯುವಳು. ಎರಡರಿಂದ ಆರರವರೆಗಿನ ಸಂಖ್ಯೆಗಳ ನಿರುದ್ಧವು 60. ಅದರ ಅಪವರ್ತ್ಯಗಳಿಗೆ ಒಂದೊಂದು ಕೂಡಿಸುತ್ತ ಹೋದರೆ 61, 121, 181, 241 ಇವೆಲ್ಲ ಏಳಕ್ಕೆ ಒಗ್ಗದೆ, 301 ಮಾತ್ರ ತಲೆಬಾಗುವುದು.

ಪಕ್ಕದ ಡಬ್ಬದಲ್ಲಿ ಕೋಡುಬಳೆಗಳು 84. ಎರಡೂ ಬಗೆಯ ತಿನಿಸು ಮೊಮ್ಮಕ್ಕಳಿಗೆ ಸಮನಾಗಿ ಹಂಚಿಹೋಗುತ್ತಿದ್ದುದರಿಂದ, ಮೊಮ್ಮಕ್ಕಳ ಸಂಖ್ಯೆ ಇವೆರಡರ ಸಾಮಾನ್ಯ ಅಪವರ್ತನವಾಗಿರಲೇಬೇಕು. ಅಂಥವು 1 ಮತ್ತು 7 ಎರಡೇ. ಮೊಮ್ಮಗ ಒಬ್ಬನೇ ಆಗಿದ್ದನೆಂಬ ಪೂರ್ವಪಕ್ಷವು ನಿಲ್ಲದು. ಏಕೆಂದರೆ ಆ ಮನೆಯಲ್ಲಿ ಜಗಳಗಳಾದುದು ಐತಿಹ್ಯಸಿದ್ಧ.

ಇನ್ನು ಚೌರ್ಯಪ್ರಕರಣ. ಒಂದು ಮಧ್ಯಾಹ್ನ, ಅಂಚು ಮುರಿದು ಎಳ್ಳು ಉದುರುತ್ತಿದ್ದ ಒಂದೇ ಒಂದು ಚಕ್ಕುಲಿ ನನ್ನ ಜೇಬಿಗಿಳಿಯಿತು. ಸಂಜೆ ಎರಡೆರಡಾಗಿ ಜೋಡಿಸಿದರೆ ಏನೂ ಉಳಿಯಲಿಲ್ಲ. “ಯಾವನೋ ಕೈ ಹಾಕಿದಾನೆ” ಎಂದು ಅಜ್ಜಿ ನನ್ನ ಜೇಬನ್ನೇ ನೋಡಿದಳು. ಮರುವರ್ಷ, ಗಣಿತದ ಅರಿವು ಹೆಚ್ಚಿ, ಏಳು ಕದ್ದೆ. ಏಳರ ಪರೀಕ್ಷೆಯಲ್ಲಿ ನಿರಪರಾಧಿಯಾಗಿ ಹೊರಬಿದ್ದವನು ಎರಡರಲ್ಲಿಯೇ ಮತ್ತೆ ಸಿಕ್ಕಿಬಿದ್ದೆ. ಬಹುಕಾಲದ ಮನನದಿಂದ ಹೊಳೆದ ಸಿದ್ಧಾಂತವಿದು: ಎಲ್ಲ ಶೇಷಗಳೂ ಕದಲದಂತೆ ಕದಿಯಬೇಕಾದರೆ ಎರಡರಿಂದ ಏಳರವರೆಗಿನ ನಿರುದ್ಧವನ್ನೇ, ಎಂದರೆ 420 ಚಕ್ಕುಲಿಗಳನ್ನು, ಒಮ್ಮೆಗೇ ಎತ್ತಬೇಕು, ಡಬ್ಬದಲ್ಲಿದ್ದುದೋ ಬರಿಯ 301.

ಆದುದರಿಂದ ಮುಂದಿನ ಅಷ್ಟಮಿಗೆ 721 ಆಗಲೆಂದು ವಿನಯಪೂರ್ವಕ ಅರಿಕೆ ಮಾಡಿಕೊಂಡೆ. ಅಜ್ಜಿ ಏನೂ ಕೇಳದೆ ಚಕ್ಕುಲಿ ಒರಳನ್ನು ನನ್ನ ಕೈಗಿತ್ತು, “ಒತ್ತು” ಎಂದಳು.