ವಾಷರ್ ಕಾಮಗಾರಿ

ನಲ್ಲಿ ರಿಪೇರಿ ಕಲಿಸುವವರೆಲ್ಲ ಹೇಳುವ ಮೊದಲ ಮಾತು: ‘ನೀರು ಬಂದ್ ಮಾಡಿಕೊಳ್ಳಿ’. ದಾವಣಗೆರೆಯವರಿಗೆ ಆ ತಾಪತ್ರಯವಿಲ್ಲ. ಬೀದಿ ಪೈಪಿನಿಂದ ನೇರವಾಗಿ ಬರುವ ನಲ್ಲಿಯಾದರೆ ಬಂದ್ ಮಾಡುವ ಕೆಲಸವನ್ನು ಊರೇ ಮಾಡಿಕೊಟ್ಟಿರುತ್ತದೆ. ನೀರು ಬಿಡೋ ದಿನ ಬಿಟ್ಟರೆ ಉಳಿದದ್ದೆಲ್ಲ ಶುಭ ಮುಹೂರ್ತವೇ.

ಆದರೂ ಮನೆಯ ಯಜಮಾನರು ಪಾನಾ ಹಿಡಿಯುವುದು ನೀರು ಬಂದ ಗಳಿಗೆಯಲ್ಲೇ.

‘ರೀ, ಪ್ಲಂಬರ್‌ಗೆ ಫೋನ್ ಮಾಡ್ರೀ.’

‘ಒಂದು ವಾಷರ್‌ಗೆ ಪ್ಲಂಬರಾ? ನಾನೇ ಹಾಕ್ತೀನಿ ಬಿಡು.’

ನಟ್ ಸಡಿಲಾಗುತ್ತಿದ್ದಂತೆ ಸ್ಪಿಂಡಲ್ ಸೂರಿಗೆ ಹಾರುತ್ತದೆ, ನೀರು ಯಜಮಾನರ ಮುಖಕ್ಕೆ. ಒದ್ದೆ ಬನಿಯನ್ ಮೇಲೆ ಅಂಗಿ ತೊಟ್ಟು ಮಂಡಿಪೇಟೆಗೆ ಓಟ.

‘ಅರ್ಧ ಇಂಚಿಂದೋ ಮುಕ್ಕಾಲಿಂದೋ, ಸರ್?’

‘ಮೀಡಿಯಂ ಕೊಡಪ್ಪ.’

ರೋಗ ಸರಳ. ಮೂತಿಯಿಂದ ತೊಟ್ಟಿಕ್ಕಿದರೆ ವಾಷರ್ ಸವೆದಿದೆ. ಕತ್ತಿನಿಂದ ಜಿನುಗಿದರೆ ಗ್ಲ್ಯಾಂಡ್ ನಟ್ ತುಸು ಬಿಗಿ ಮಾಡಬೇಕು; ಅದಕ್ಕೂ ನಿಲ್ಲದಿದ್ದರೆ ಒಳಗಿನ ದಾರ ಬದಲಿಸಬೇಕು. ನಮ್ಮ ಚಿಕಿತ್ಸೆ ಮಾತ್ರ ಎರಡಕ್ಕೂ ಒಂದೇ: ಇನ್ನೂ ಜೋರಾಗಿ ತಿರುವುವುದು. ತಿರುವಿದಷ್ಟೂ ರಬ್ಬರ್ ಜಜ್ಜುತ್ತದೆ, ಜಜ್ಜಿದಷ್ಟೂ ಸೋರುತ್ತದೆ. ಕಡೆಗೆ ಬರುವುದು ಸೈಕಲ್ ಟ್ಯೂಬು. 1941ರಲ್ಲಿ ಶುರುವಾದ ಮೈಸೂರು ಕಿರ್ಲೋಸ್ಕರ್ ಕಾರ್ಖಾನೆ ಪಕ್ಕದ ಹರಿಹರದಿಂದ ದೇಶಕ್ಕೆಲ್ಲ ಲೇತ್ ಯಂತ್ರ ಕಳಿಸುತ್ತಿತ್ತು. ಕೂದಲೆಳೆಯಷ್ಟು ಅಳತೆ ತಪ್ಪಿದರೂ ಒಪ್ಪದಿದ್ದ ಅದೇ ಸೀಮೆಯಲ್ಲಿ ಈಗ ನಲ್ಲಿಗೆ ಟ್ಯೂಬು, ಅದರ ಮೇಲೊಂದು ಹಳೇ ಲುಂಗಿಯ ಚಿಂದಿ.

ಹರಿಹರೇಶ್ವರ ಅರ್ಧ ಹರಿ, ಅರ್ಧ ಹರ. ಬಹಳ ದಿನದ ಮೇಲೆ ಕಣ್ಣುಬಿಟ್ಟ ನಲ್ಲಿ ಅರ್ಧ ನೀರು, ಅರ್ಧ ಗಾಳಿ. ಖಾಲಿ ಪೈಪಿನಲ್ಲಿ ಕೂತಿದ್ದ ಗಾಳಿಯನ್ನು ನೀರು ನೂಕಿಕೊಂಡು ಬರುವಾಗ ನಲ್ಲಿ ಕೆಮ್ಮುತ್ತದೆ, ಉಗುಳುತ್ತದೆ, ನಾಲ್ಕೂ ದಿಕ್ಕಿಗೆ ಚಿಮ್ಮುತ್ತದೆ. ಅದು ನಲ್ಲಿಯ ದೋಷವಲ್ಲ ಎಂದು ಯಜಮಾನರಿಗೆ ಹೇಳುವವರು ಯಾರು? ಅವರು ಆಗಲೇ ಪಾನಾ ಹುಡುಕುತ್ತಿರುತ್ತಾರೆ.

2016ರ ಜನವರಿಯಲ್ಲಿ ದೇಶದ ಮೊದಲ 20 ಸ್ಮಾರ್ಟ್ ಸಿಟಿಗಳ ಪಟ್ಟಿ ಬಂದಾಗ ಅದರಲ್ಲಿ ದಾವಣಗೆರೆಯೂ ಇತ್ತು. ಏಷ್ಯನ್ ಡೆವಲಪ್‌ಮೆಂಟ್ ಬ್ಯಾಂಕಿನ ಸಾಲದಲ್ಲಿ ದಾವಣಗೆರೆ, ಹರಿಹರಗಳಿಗೆ 24 ಗಂಟೆಯೂ ನೀರು ಕೊಡುವ ‘ಜಲಸಿರಿ’ ಯೋಜನೆಯೂ ಬಂತು. ಆ ಮಾತನ್ನು ಚಾಚೂ ತಪ್ಪದೆ ನಡೆಸಿಕೊಟ್ಟದ್ದು ಮಾತ್ರ ಓವರ್‌ಹೆಡ್ ಟ್ಯಾಂಕಿನ ಕೆಳಗಿನ ಸವೆದ ನಲ್ಲಿ. ಸೆಕೆಂಡಿಗೊಂದು ಹನಿಯಂತೆ ದಿನಕ್ಕೆ 86,400 ಹನಿ. ಭಾನುವಾರವೂ ರಜೆಯಿಲ್ಲ, ಕರೆಂಟ್ ಹೋಯಿತೆಂಬ ನೆಪವಿಲ್ಲ. ರಾಜನಹಳ್ಳಿಯಲ್ಲಿ ತುಂಗಭದ್ರೆಯಿಂದ ಎತ್ತಿ, ಶುದ್ಧ ಮಾಡಿ, ಇಷ್ಟು ದೂರ ಕಳಿಸಿದ ನೀರು ಬಚ್ಚಲ ಮೋರಿಗೆ ಅರ್ಪಿತ. ಅದನ್ನು ನೋಡುತ್ತಲೇ ನಾವು ಮಂಡಕ್ಕಿ ಮೆಲ್ಲುತ್ತಾ ಪಾಲಿಕೆಯನ್ನು ಬೈಯುತ್ತೇವೆ.

ಕಡೆಗೊಂದು ದಿನ ಹೊಸ ವಾಷರ್ ಕೂರಿಸಿ, ಟೆಫ್ಲಾನ್ ಟೇಪು ಸುತ್ತಿ ಬೀದಿ ನಲ್ಲಿ ತಿರುವಿದಿರಿ ಎನ್ನಿ. ಒಂದು ಹನಿಯೂ ಸೋರುವುದಿಲ್ಲ, ನೀರೇ ಬಂದಿಲ್ಲವಲ್ಲ! ‘ರಿಪೇರಿ ಯಶಸ್ವಿ’ ಎಂದು ಕೂಡಲೇ ಸಾರಿಬಿಡಿ. ಈ ನಾಡಿನಲ್ಲಿ ಕಾಮಗಾರಿ ಉದ್ಘಾಟಿಸಲು ನೀರು ಬರುವ ತನಕ ಕಾದವರುಂಟೆ?